ಹೊಸದುರ್ಗದ ಅಂಗಳ, ಪ್ಯಾರಿಸ್‌ನ ಆಕಾಶ: ತಾರಾಲಯ ತಂತ್ರಾಂಶವನ್ನು ಬಳಸುವ ಬಗೆ

ಪ್ರಶ್ನೆ: ನಾನು ಹೊಸದುರ್ಗ ತಾಲ್ಲೂಕಿನ ಹಳ್ಳಿಯೊಂದರ ಪ್ರೌಢಶಾಲೆಯಲ್ಲಿ ವಿಜ್ಞಾನ ಶಿಕ್ಷಕ. ಶಾಲೆಯಲ್ಲಿ ಇಂಟರ್ನೆಟ್ ಇಲ್ಲದ ಕಾರಣ ಆಕಾಶವನ್ನು ತೆರೆಯ ಮೇಲೆ ತೋರಿಸುವ ಸ್ಟೆಲೇರಿಯಂ ಎಂಬ ತಾರಾಲಯ ತಂತ್ರಾಂಶವನ್ನು ಪೆನ್‌ಡ್ರೈವ್‌ನಲ್ಲಿ ತಂದು ಲ್ಯಾಪ್‌ಟಾಪ್‌ಗೆ ಹಾಕಿಕೊಂಡಿದ್ದೇನೆ. ಅದು ತೋರಿಸುವ ಆಕಾಶಕ್ಕೂ ಅಂಗಳದಲ್ಲಿ ಕಾಣುವ ಆಕಾಶಕ್ಕೂ ತಾಳೆಯಾಗುತ್ತಿಲ್ಲ. ರಾತ್ರಿ ಎಂಟಕ್ಕೆ ತೆರೆದರೆ ತೆರೆಯ ಮೇಲೆ ಇನ್ನೂ ಹಗಲಿರುತ್ತದೆ. ಧ್ರುವ ನಕ್ಷತ್ರವಂತೂ ದಿಗಂತದಿಂದ ನಡುನೆತ್ತಿಗೆ ಅರ್ಧ ದಾರಿಗಿಂತ ಮೇಲಿದೆ; ನಮ್ಮಲ್ಲಿ ಅದನ್ನು ಹುಡುಕುವುದೇ ಕಷ್ಟ. ನನ್ನ ಬಳಿ 18–55 ಮತ್ತು 55–250 ಮಿ.ಮೀ. ಲೆನ್ಸ್‌ಗಳಿರುವ ಹಳೆಯ ಕ್ಯಾನನ್ ಡಿಎಸ್‌ಎಲ್‌ಆರ್ ಕ್ಯಾಮೆರಾ ಮತ್ತು ಒಂದು ಟ್ರೈಪಾಡ್ ಇವೆ. ಆಕಾಶಗಂಗೆಯ ಹಾಗೂ ಮಹಾವ್ಯಾಧ (ಓರಿಯನ್) ನಕ್ಷತ್ರಪುಂಜದಲ್ಲಿರುವ ನೀಹಾರಿಕೆಯ, ಅಂದರೆ ಹೊಳೆಯುವ ಅನಿಲದ ಮೋಡದ, ಚಿತ್ರ ತೆಗೆಯಲು ಈ ತಂತ್ರಾಂಶ ನೆರವಾದೀತೇ? ಅದನ್ನು ಹೇಗೆ ಬಳಸಬೇಕು?

ಉತ್ತರ: ನಿಮ್ಮ ಪ್ರಶ್ನೆಯಲ್ಲೇ ರೋಗದ ಎರಡು ಲಕ್ಷಣಗಳನ್ನು ಸ್ಪಷ್ಟವಾಗಿ ಬರೆದಿದ್ದೀರಿ, ಅವುಗಳಿಂದಲೇ ಕಾರಣವನ್ನು ಲೆಕ್ಕ ಹಾಕಿ ತಿಳಿಯಬಹುದು. ಉತ್ತರಾರ್ಧಗೋಳದ ಯಾವುದೇ ಊರಿನಲ್ಲಿ ಧ್ರುವ ನಕ್ಷತ್ರವು ದಿಗಂತದಿಂದ ಎಷ್ಟು ಡಿಗ್ರಿ ಮೇಲಿರುತ್ತದೆಯೋ, ಒಂದು ಡಿಗ್ರಿಯೊಳಗಿನ ವ್ಯತ್ಯಾಸದಲ್ಲಿ ಅದೇ ಆ ಊರಿನ ಅಕ್ಷಾಂಶ. ಹೊಸದುರ್ಗದ ಅಕ್ಷಾಂಶ ಸುಮಾರು 13.8 ಡಿಗ್ರಿ ಆದ್ದರಿಂದ ಧ್ರುವವು ಉತ್ತರ ದಿಗಂತಕ್ಕೆ ಹತ್ತಿರವಾಗಿ, ಹಳ್ಳಿಯ ಮರಗಳ ತುದಿಗೆ ತಾಗುವಷ್ಟು ಕೆಳಗೇ ಇರಬೇಕು. ತೆರೆಯ ಮೇಲೆ ಅದು ಅರ್ಧ ದಾರಿಗಿಂತ ಮೇಲಿದೆ ಎಂದರೆ ತಂತ್ರಾಂಶವು ತಾನು 45 ಡಿಗ್ರಿಗಿಂತ ಉತ್ತರದ ಅಕ್ಷಾಂಶದಲ್ಲಿದ್ದೇನೆ ಎಂದು ತಿಳಿದಿದೆ. ರಾತ್ರಿ ಎಂಟಕ್ಕೆ ಹಗಲಿದೆ ಎಂದರೆ ಅದು ತಿಳಿದಿರುವ ಊರು ನಮಗಿಂತ ಬಹಳ ಪಶ್ಚಿಮದಲ್ಲಿದೆ. ಈ ಎರಡನ್ನೂ ಸೇರಿಸಿದರೆ ಪ್ಯಾರಿಸ್ ಎಂದು ಧೈರ್ಯವಾಗಿ ಹೇಳಬಹುದು. ಸ್ಟೆಲೇರಿಯಂ ಅನ್ನು 2000ದ ಇಸವಿಯಲ್ಲಿ ಆರಂಭಿಸಿದವರು ಫ್ರಾನ್ಸಿನ ಫ್ಯಾಬಿಯನ್ ಶೆರೋ. ಇಂಟರ್ನೆಟ್ ಇದ್ದರೆ ಅದು ನೀವಿರುವ ಸ್ಥಳವನ್ನು ಜಾಲದಿಂದ ಊಹಿಸಿಕೊಳ್ಳುತ್ತದೆ. ಇಲ್ಲದಿದ್ದರೆ ತನ್ನ ಮೂಲ ಸ್ಥಳವಾದ ಪ್ಯಾರಿಸ್‌ಗೆ ಮರಳುತ್ತದೆ. ನೀವು ಇಷ್ಟು ದಿನ ನೋಡಿದ್ದು 48.9 ಡಿಗ್ರಿ ಉತ್ತರದ, ನಮ್ಮಿಂದ 74 ಡಿಗ್ರಿ ಪಶ್ಚಿಮದ ಆಕಾಶವನ್ನು. ಗಂಟೆಗೆ 15 ಡಿಗ್ರಿಯಂತೆ ತಿರುಗುವ ಆಕಾಶದಲ್ಲಿ 74 ಡಿಗ್ರಿ ಎಂದರೆ ಸುಮಾರು ಐದು ಗಂಟೆಗಳ ಅಂತರ.

ಪರಿಹಾರ ಸರಳವಾದುದು. ಎಫ್ 6 ಕೀಲಿಯನ್ನು ಒತ್ತಿದರೆ ಸ್ಥಳದ ಕಿಟಕಿ ತೆರೆಯುತ್ತದೆ. ಅಲ್ಲಿ ಜಾಲದಿಂದ ಸ್ಥಳ ಪಡೆಯುವ ಗುರುತನ್ನು ತೆಗೆದುಹಾಕಿ, ಪಟ್ಟಿಯಲ್ಲಿ ನಿಮ್ಮ ಊರು ಸಿಗದಿದ್ದರೆ ಅಕ್ಷಾಂಶ, ರೇಖಾಂಶಗಳನ್ನು ಕೈಯಾರೆ ಬರೆದು, ಒಂದು ಹೆಸರು ಕೊಟ್ಟು ಉಳಿಸಿ, ಅದನ್ನೇ ಖಾಯಂ ಸ್ಥಳವಾಗಿ ಗುರುತು ಮಾಡಿ. ಅದೇ ಕಿಟಕಿಯಲ್ಲಿ ಕಾಲವಲಯವು ಏಷ್ಯಾ/ಕೋಲ್ಕತಾ, ಅಂದರೆ +5:30 ಎಂದಿದೆಯೇ ಎಂಬುದನ್ನೂ ನೋಡಿ. ಊರನ್ನು ಬದಲಿಸಿ ಕಾಲವಲಯವನ್ನು ಹಾಗೆಯೇ ಬಿಟ್ಟರೆ ನೀವು ಎಂಟು ಗಂಟೆ ಎಂದು ಬರೆದದ್ದನ್ನು ಅದು ಯುರೋಪಿನ ಎಂಟು ಗಂಟೆ ಎಂದು ಓದಿಕೊಳ್ಳುತ್ತದೆ. ಆಗ ಧ್ರುವದ ಎತ್ತರ ಸರಿಯಾಗಿದ್ದು ಉಳಿದ ನಕ್ಷತ್ರಗಳು ಮಾತ್ರ ನಾಲ್ಕೂವರೆ ಗಂಟೆಯಷ್ಟು ಸರಿದಿರುತ್ತವೆ. ಈ ತಪ್ಪು ಮೊದಲಿನದಕ್ಕಿಂತ ಕಷ್ಟಕರ, ಏಕೆಂದರೆ ಮೇಲ್ನೋಟಕ್ಕೆ ಎಲ್ಲವೂ ಸರಿಯಾಗಿರುವಂತೆಯೇ ಕಾಣುತ್ತದೆ.

ಸರಿಪಡಿಸಿದ ಮೇಲೆ ನಂಬುವ ಮೊದಲು ಪರೀಕ್ಷಿಸಿ. ತೋಳನ್ನು ನೀಳವಾಗಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಆಕಾಶದಲ್ಲಿ ಸುಮಾರು 10 ಡಿಗ್ರಿ. ಅಂಗಳದಲ್ಲಿ ಧ್ರುವವು ದಿಗಂತದಿಂದ ಒಂದು ಮುಷ್ಟಿ ಮತ್ತು ಇನ್ನೊಂದರ ಅರ್ಧದಷ್ಟು ಮೇಲಿದ್ದರೆ, ತೆರೆಯಲ್ಲಿ ಅದರ ಎತ್ತರ 14 ಡಿಗ್ರಿಯ ಆಸುಪಾಸು ಎಂದಿದ್ದರೆ ಅಕ್ಷಾಂಶ ಸರಿಯಾಗಿದೆ. ಸಮಯದ ಪರೀಕ್ಷೆಗೆ ಒಂದು ಹಳೆಯ ಘಟನೆಯನ್ನು ಬಳಸಲು ನನಗೆ ಇಷ್ಟ. 1980ರ ಫೆಬ್ರವರಿ 16ರಂದು ಪೂರ್ಣ ಸೂರ್ಯಗ್ರಹಣದ ನೆರಳು ಉತ್ತರ ಕರ್ನಾಟಕವನ್ನು ಹಾದುಹೋಯಿತು. ಆ ಮಧ್ಯಾಹ್ನ ಕತ್ತಲಾದದ್ದನ್ನು ನೆನಪಿಟ್ಟುಕೊಂಡ ಹಿರಿಯರು ನಿಮ್ಮ ಕಡೆಯೂ ಇರಬಹುದು. ಸ್ಥಳವನ್ನು ಹುಬ್ಬಳ್ಳಿಗೆ ಇಟ್ಟು, ಎಫ್ 5 ಒತ್ತಿ ಆ ದಿನಾಂಕವನ್ನೂ ಮಧ್ಯಾಹ್ನ ಮೂರೂವರೆಯನ್ನೂ ಬರೆದು, ಸೂರ್ಯನನ್ನು ಹಿಗ್ಗಿಸಿ ನೋಡುತ್ತ ನಿಮಿಷಗಳನ್ನು ಮುಂದಕ್ಕೆ ಸರಿಸಿ. ಚಂದ್ರಬಿಂಬ ಸೂರ್ಯನನ್ನು ಪೂರ್ತಿಯಾಗಿ ಮುಚ್ಚಿದರೆ ಸಮಯ, ಸ್ಥಳ ಎರಡೂ ಸರಿಯಾಗಿವೆ. ಅನಂತರ ಸ್ಥಳವನ್ನು ಮಾತ್ರ ಬೆಂಗಳೂರಿಗೆ ಬದಲಿಸಿ. ಅದೇ ಗ್ರಹಣ ಪಾರ್ಶ್ವವಾಗುತ್ತದೆ. ನೋಡುವವನು ಎಲ್ಲಿ ನಿಂತಿದ್ದಾನೆ ಎಂಬುದು ಏಕೆ ಇಷ್ಟು ಮುಖ್ಯ ಎಂಬುದನ್ನು ಮಕ್ಕಳಿಗೆ ಇದಕ್ಕಿಂತ ಚೆನ್ನಾಗಿ ತೋರಿಸುವ ಉಪಾಯ ನನಗೆ ತಿಳಿದಿಲ್ಲ.

ಸ್ಥಳ, ಸಮಯ ಸರಿಯಾದ ಮೇಲೂ ತೆರೆಯ ಆಕಾಶ ನಿಮ್ಮ ಆಕಾಶದಂತೆ ಕಾಣಲಿಕ್ಕಿಲ್ಲ. ಸ್ಟೆಲೇರಿಯಂ ಜೊತೆಗೆ ಬರುವ ಪಟ್ಟಿಯಲ್ಲಿಯೇ ಆರು ಲಕ್ಷಕ್ಕೂ ಹೆಚ್ಚು ನಕ್ಷತ್ರಗಳಿವೆ. ಒಳ್ಳೆಯ ಕತ್ತಲೆಯಲ್ಲಿಯೂ ಬರಿಗಣ್ಣಿಗೆ ಒಂದು ಹೊತ್ತಿನಲ್ಲಿ ಕಾಣುವವು ಎರಡು ಮೂರು ಸಾವಿರ ಮಾತ್ರ. ಚಿತ್ರವನ್ನು ಹಿಗ್ಗಿಸಿದಂತೆ ತಂತ್ರಾಂಶವು ಮಂದವಾದ ನಕ್ಷತ್ರಗಳನ್ನು ತಾನಾಗಿಯೇ ಸೇರಿಸುತ್ತ ಹೋಗುವುದರಿಂದ, ಹಿಗ್ಗಿಸಿದ ನೋಟವನ್ನು ಬರಿಗಣ್ಣಿನ ನೋಟದೊಡನೆ ಹೋಲಿಸಬಾರದು. ಎಫ್ 4 ಒತ್ತಿದಾಗ ಬರುವ ಕಿಟಕಿಯಲ್ಲಿ ಬೆಳಕಿನ ಮಾಲಿನ್ಯದ ಪ್ರಮಾಣವನ್ನು ಹೊಂದಿಸಬಹುದು. ಇದಕ್ಕೆ ಹವ್ಯಾಸಿಗಳು ಬಳಸುವ ಅಳತೆ ಬೋರ್ಟಲ್ ಮಾಪನ. ಅಮೆರಿಕದ ವೀಕ್ಷಕ ಜಾನ್ ಬೋರ್ಟಲ್ 2001ರಲ್ಲಿ ರೂಪಿಸಿದ ಈ ಮಾಪನದಲ್ಲಿ 1 ಎಂದರೆ ಅಪ್ಪಟ ಕತ್ತಲೆ, 9 ಎಂದರೆ ಮಹಾನಗರದ ನಡುಭಾಗ. ಬೆಂಗಳೂರಿನ ಒಳಗೆ 8 ಅಥವಾ 9 ಇಟ್ಟುಕೊಳ್ಳಬೇಕಾಗುತ್ತದೆ. ನಿಮ್ಮ ಹಳ್ಳಿಗೆ 4ರಿಂದ ಆರಂಭಿಸಿ. ಚಂದ್ರನಿಲ್ಲದ ರಾತ್ರಿಯಲ್ಲಿ ಕೃತ್ತಿಕೆಯ ಗುಂಪಿನಲ್ಲಿ ಎಷ್ಟು ನಕ್ಷತ್ರಗಳು ಕಾಣುತ್ತವೆ ಎಂದು ಅಂಗಳದಲ್ಲಿ ಎಣಿಸಿ, ತೆರೆಯಲ್ಲಿಯೂ ಅಷ್ಟೇ ಕಾಣುವವರೆಗೆ ಪ್ರಮಾಣವನ್ನು ಏರಿಳಿಸಿ. ಒಮ್ಮೆ ಹೀಗೆ ಹೊಂದಿಸಿದರೆ ಆ ತೆರೆ ನಿಮ್ಮ ಊರಿನ ಆಕಾಶಕ್ಕೆ ಸಾಕಷ್ಟು ಪ್ರಾಮಾಣಿಕವಾಗಿರುತ್ತದೆ.

ಇನ್ನು ದಿಗಂತ. ತಂತ್ರಾಂಶವು ಮೊದಲಿಗೆ ತೋರಿಸುವುದು ಬೇರೆಲ್ಲಿಯದೋ ಒಂದು ಹುಲ್ಲುಗಾವಲಿನ ಬಯಲನ್ನು. ನಿಮ್ಮ ಸೀಮೆಯಲ್ಲಿ ಗುಡ್ಡಗಳಿವೆ, ಗುಡ್ಡಗಳ ಸಾಲಿನ ಮೇಲೆ ಗಾಳಿಯಂತ್ರಗಳ ಕೆಂಪು ದೀಪಗಳಿವೆ. ಇದನ್ನು ನಾನು ಒತ್ತಿ ಹೇಳುವುದಕ್ಕೆ ಕಾರಣವಿದೆ. ಕೆಲವು ವರ್ಷಗಳ ಹಿಂದೆ ದಕ್ಷಿಣದ ತ್ರಿಶಂಕು ನಕ್ಷತ್ರಪುಂಜವನ್ನು ಚಿತ್ರಿಸಬೇಕೆಂದು ಗೆಳೆಯರೊಡನೆ ದೂರದ ಊರಿಗೆ ಹೋಗಿದ್ದೆ. ತಂತ್ರಾಂಶ ಅದರ ಎತ್ತರವನ್ನು 16 ಡಿಗ್ರಿ ಎಂದು ಸರಿಯಾಗಿಯೇ ಹೇಳಿತ್ತು. ನಾವು ನಿಂತ ಜಾಗದ ದಕ್ಷಿಣಕ್ಕಿದ್ದ ಬೆಟ್ಟ ಅದಕ್ಕಿಂತ ಎತ್ತರವಾಗಿತ್ತು. ಇಡೀ ರಾತ್ರಿಯ ಶ್ರಮ ಹಾಳಾಯಿತು. ಅಂದಿನಿಂದ ಹೊಸ ಜಾಗಕ್ಕೆ ಹೋಗುವ ಮೊದಲು ಹಗಲಿನಲ್ಲಿ ಒಮ್ಮೆ ಹೋಗಿ, ದಿಕ್ಸೂಚಿ ಹಿಡಿದು, ಪ್ರತಿ 20 ಡಿಗ್ರಿಗೊಮ್ಮೆ ದಿಗಂತದ ಎತ್ತರವನ್ನು ಮುಷ್ಟಿಯಿಂದ ಅಳೆದು ಬರೆದಿಟ್ಟುಕೊಳ್ಳುತ್ತೇನೆ. ದಿಕ್ಕು, ಎತ್ತರ ಎಂಬ ಎರಡು ಅಂಕಣಗಳ ಆ ಪಟ್ಟಿಯನ್ನು ಸಾದಾ ಪಠ್ಯಕಡತವಾಗಿ ಉಳಿಸಿ ಸ್ಟೆಲೇರಿಯಂಗೆ ಕೊಟ್ಟರೆ, ಅದು ನಿಮ್ಮ ಗುಡ್ಡದ ಗೆರೆಯನ್ನೇ ದಿಗಂತವಾಗಿ ಎಳೆಯುತ್ತದೆ. ಶಾಲೆಯ ಮೈದಾನದ ದಿಗಂತವನ್ನು ಮಕ್ಕಳಿಂದಲೇ ಅಳೆಸಿ. ತ್ರಿಕೋನಮಿತಿ ಕಲಿಯುವ ವಯಸ್ಸಿನವರಿಗೆ ಅದು ಒಂದು ಮಧ್ಯಾಹ್ನದ ಒಳ್ಳೆಯ ಕೆಲಸ.

ಈಗ ಚಿತ್ರಗಳ ವಿಷಯಕ್ಕೆ ಬರೋಣ. ನನ್ನ ಅನುಭವದಲ್ಲಿ ತಾರಾಲಯ ತಂತ್ರಾಂಶದ ನಿಜವಾದ ಉಪಯೋಗವಾಗುವುದು ಚಿತ್ರ ತೆಗೆಯುವ ರಾತ್ರಿಯಲ್ಲಿ ಅಲ್ಲ, ಅದಕ್ಕೆ ವಾರಗಳ ಮೊದಲು, ಹಗಲಿನಲ್ಲಿ ಕುಳಿತು ಯೋಜಿಸುವಾಗ. ಯಾವ ದಿನ, ಯಾವ ಗಂಟೆ, ಯಾವ ದಿಕ್ಕು, ಎಷ್ಟು ಎತ್ತರ, ಯಾವ ಲೆನ್ಸ್ ಎಂಬ ಐದಕ್ಕೂ ಮನೆಯಲ್ಲೇ ಉತ್ತರ ಸಿಕ್ಕಿಬಿಟ್ಟರೆ ಕತ್ತಲಲ್ಲಿ ಮಾಡಬೇಕಾದದ್ದು ಬಹಳ ಕಡಿಮೆ.

ಆಕಾಶಗಂಗೆಯಿಂದ ಆರಂಭಿಸಿ. ಚಿತ್ರಗಳಲ್ಲಿ ನೀವು ನೋಡಿರುವ ಉಜ್ವಲವಾದ ಭಾಗ ಎಂದರೆ ವೃಶ್ಚಿಕ ಮತ್ತು ಧನು ರಾಶಿಗಳ ನಡುವೆ, ಗ್ಯಾಲಕ್ಸಿಯ ಕೇಂದ್ರದ ದಿಕ್ಕಿನಲ್ಲಿರುವ ಭಾಗ. ಅದು ಆಕಾಶದ ಸಮಭಾಜಕವೃತ್ತದಿಂದ, ಅಂದರೆ ಭೂಮಧ್ಯರೇಖೆಯ ನೇರ ಮೇಲೆ ಆಕಾಶದಲ್ಲಿ ಕಲ್ಪಿಸಿಕೊಂಡ ವೃತ್ತದಿಂದ, 29 ಡಿಗ್ರಿ ದಕ್ಷಿಣಕ್ಕಿದೆ. ಪ್ಯಾರಿಸ್‌ನಲ್ಲಿ ಅದು ಎಷ್ಟೇ ಏರಿದರೂ 12 ಡಿಗ್ರಿಯನ್ನು ಮುಟ್ಟುವುದು ಕಷ್ಟ; ಹೊಸದುರ್ಗದಲ್ಲಿ 47 ಡಿಗ್ರಿಯವರೆಗೆ ಏರುತ್ತದೆ. ಯುರೋಪಿನ ಹವ್ಯಾಸಿಗಳು ಇದಕ್ಕಾಗಿ ದಕ್ಷಿಣದ ದೇಶಗಳಿಗೆ ಪ್ರಯಾಣ ಮಾಡುತ್ತಾರೆ, ನಿಮಗೆ ಅದು ಶಾಲೆಯ ಮೈದಾನದಲ್ಲಿಯೇ ದೊರೆಯುತ್ತದೆ. ನಮಗಿರುವ ತೊಡಕು ಮಳೆಗಾಲದ್ದು. ಈ ಭಾಗ ಸಂಜೆಯ ಹೊತ್ತಿಗೆ ಮೇಲಿರುವ ಜುಲೈ, ಆಗಸ್ಟ್ ತಿಂಗಳುಗಳಲ್ಲಿ ಮೋಡ ಮುಚ್ಚಿರುತ್ತದೆ. ನಕ್ಷತ್ರಗಳು ದಿನಕ್ಕೆ ಸುಮಾರು ನಾಲ್ಕು ನಿಮಿಷ, ತಿಂಗಳಿಗೆ ಎರಡು ಗಂಟೆ ಬೇಗ ಮೂಡುತ್ತವೆ. ಆದ್ದರಿಂದ ಮಳೆಗಾಲಕ್ಕೆ ಮೊದಲೇ ಇದನ್ನು ನೋಡಬೇಕೆಂದರೆ ಬೆಳಗಿನ ಜಾವಕ್ಕೆ ಏಳಬೇಕು. ತೆರೆಯಲ್ಲಿ ಬೆಳಗಿನ ನಾಲ್ಕು ಗಂಟೆಯನ್ನು ಹಾಗೆಯೇ ಇಟ್ಟು ದಿನಾಂಕವನ್ನು ಮಾತ್ರ ಫೆಬ್ರವರಿಯಿಂದ ಮೇ ತಿಂಗಳವರೆಗೆ ಸರಿಸುತ್ತ ಬನ್ನಿ. ಏಪ್ರಿಲ್ ಮೊದಲ ದಿನಗಳಲ್ಲಿ ಕೇಂದ್ರಭಾಗವು ದಕ್ಷಿಣಕ್ಕೆ ತುಸು ಪೂರ್ವವಾಗಿ, 42 ಡಿಗ್ರಿ ಎತ್ತರದಲ್ಲಿ ನಿಂತಿರುವುದು ಕಾಣುತ್ತದೆ. ಅಲ್ಲಿಂದ ಒಂದು ಗಂಟೆ ಕಳೆದರೆ ಬೆಳಗಿನ ಬೆಳಕು ಆರಂಭವಾಗುತ್ತದೆ. ಆಕಾಶ ಪೂರ್ಣ ಕತ್ತಲಾಗಿರಲು ಸೂರ್ಯ ದಿಗಂತದಿಂದ 18 ಡಿಗ್ರಿ ಕೆಳಗಿರಬೇಕು. ಸೂರ್ಯನನ್ನು ಎಫ್ 3ರಿಂದ ಹುಡುಕಿ ಆರಿಸಿ, ಅದರ ಎತ್ತರ ಋಣ 18ಕ್ಕೆ ಬರುವ ಕ್ಷಣವನ್ನು ಬರೆದಿಟ್ಟುಕೊಳ್ಳಿ. ಅದೇ ನಿಮ್ಮ ಕೊನೆಯ ಗಡಿ.

ಚಂದ್ರನ ವಿಷಯದಲ್ಲಿ ಬಹಳ ಮಂದಿ ‘ಅಮಾವಾಸ್ಯೆಯ ಹಿಂದೆ ಮುಂದೆ’ ಎಂದಷ್ಟೇ ಹೇಳಿ ಬಿಡುತ್ತಾರೆ. ಬೆಳಗಿನ ಜಾವದ ಕೆಲಸಕ್ಕೆ ಈ ಮಾತು ಸಾಲದು. ಅಮಾವಾಸ್ಯೆಗೆ ಮೊದಲಿನ ದಿನಗಳಲ್ಲಿ ಕ್ಷೀಣಚಂದ್ರ ಸರಿಯಾಗಿ ಬೆಳಗಿನ ಜಾವದಲ್ಲೇ ಪೂರ್ವದಲ್ಲಿ ಮೂಡಿ ಆಕಾಶವನ್ನು ಬೆಳಗುತ್ತಾನೆ. ಅಮಾವಾಸ್ಯೆಯ ನಂತರದ ಶುಕ್ಲಪಕ್ಷದ ಚಂದ್ರ ಸಂಜೆಯಲ್ಲಿದ್ದು ಬೇಗ ಮುಳುಗುತ್ತಾನೆ. ಅಷ್ಟಮಿಯ ಚಂದ್ರನೂ ನಡುರಾತ್ರಿಯ ಹೊತ್ತಿಗೆ ಮುಳುಗಿರುತ್ತಾನೆ. ಆದ್ದರಿಂದ ನಿಮಗೆ ಬೇಕಾದದ್ದು ಅಮಾವಾಸ್ಯೆಯಿಂದ ಶುಕ್ಲ ನವಮಿ, ದಶಮಿಯವರೆಗಿನ ಬೆಳಗಿನ ಜಾವಗಳು. ಯುಗಾದಿ ಬರುವುದು ಅಮಾವಾಸ್ಯೆ ಕಳೆದ ಮರುದಿನ, ಹೆಚ್ಚು ಕಡಿಮೆ ಮಾರ್ಚ್ ನಡುವಿನಿಂದ ಏಪ್ರಿಲ್ ನಡುವಿನೊಳಗೆ. ಹಾಗಾಗಿ ಯುಗಾದಿಯಿಂದ ರಾಮನವಮಿಯವರೆಗಿನ ಒಂಬತ್ತು ದಿನಗಳ ಬೆಳಗಿನ ಜಾವಗಳು ಕರ್ನಾಟಕದಲ್ಲಿ ಆಕಾಶಗಂಗೆಗೆ ವರ್ಷದ ಅತ್ಯುತ್ತಮ ಅವಕಾಶಗಳಲ್ಲಿ ಸೇರುತ್ತವೆ. ಗೋಡೆಯ ಪಂಚಾಂಗದಲ್ಲಿ ಆ ದಿನಗಳನ್ನು ಗುರುತು ಮಾಡಿ, ಒಂದೊಂದು ದಿನವನ್ನೂ ತೆರೆಯಲ್ಲಿ ನೋಡಿ ಖಚಿತಪಡಿಸಿಕೊಳ್ಳಿ.

ಯಾವ ಲೆನ್ಸಿಗೆ ಎಷ್ಟು ಆಕಾಶ ಹಿಡಿಯುತ್ತದೆ ಎಂಬುದನ್ನು ತೋರಿಸುವ ಭಾಗ ಸ್ಟೆಲೇರಿಯಂನಲ್ಲಿ ಆಕ್ಯುಲರ್ಸ್ ಎಂಬ ಪ್ಲಗಿನ್, ಅಂದರೆ ಬೇಕಾದಾಗ ಸೇರಿಸಿಕೊಳ್ಳುವ ಉಪಭಾಗ. ಎಫ್ 2 ಒತ್ತಿ, ಪ್ಲಗಿನ್‌ಗಳ ಪುಟದಲ್ಲಿ ಅದನ್ನು ಆರಿಸಿ, ಆರಂಭದಲ್ಲೇ ತೆರೆಯುವಂತೆ ಗುರುತು ಹಾಕಿ, ತಂತ್ರಾಂಶವನ್ನು ಮುಚ್ಚಿ ಮತ್ತೆ ತೆರೆಯಿರಿ. ಇಲ್ಲಿ ಹೊಸಬರು ಎಡವುವ ಒಂದು ಜಾಗವಿದೆ. ಆ ಪ್ಲಗಿನ್‌ನಲ್ಲಿ ‘ಲೆನ್ಸ್’ ಎಂಬ ಪುಟವಿದ್ದರೂ ಕ್ಯಾಮೆರಾದ ಲೆನ್ಸನ್ನು ಅಲ್ಲಿ ಬರೆಯಬಾರದು. ಅದು ಬಿಂಬವನ್ನು ಹಿಗ್ಗಿಸಲು ದೂರದರ್ಶಕಕ್ಕೆ ಜೋಡಿಸುವ ಬಾರ್ಲೊ ಮುಂತಾದ ಲೆನ್ಸ್‌ಗಳಿಗೆ ಮೀಸಲು. ನಿಮ್ಮ ಕ್ಯಾಮೆರಾ ಲೆನ್ಸನ್ನು ಒಂದು ದೂರದರ್ಶಕ ಎಂದೇ ಬರೆದು, ಅದರ ಫೋಕಲ್ ಲೆಂತ್ ಅನ್ನು, ಅಂದರೆ ಲೆನ್ಸಿನ ಮೇಲೆ ಬರೆದಿರುವ ಮಿ.ಮೀ. ಸಂಖ್ಯೆಯನ್ನು, ಕೊಡಬೇಕು. 18, 50, 200, 250 ಮಿ.ಮೀ.ಗಳಿಗೆ ನಾಲ್ಕು ದೂರದರ್ಶಕಗಳನ್ನು ಮಾಡಿಟ್ಟುಕೊಳ್ಳಿ. ಸೆನ್ಸರ್ ಪುಟದಲ್ಲಿ ನಿಮ್ಮ ಕ್ಯಾಮೆರಾದ ಸೆನ್ಸರ್‌ನ, ಅಂದರೆ ಒಳಗೆ ಬೆಳಕನ್ನು ದಾಖಲಿಸುವ ಫಲಕದ, ಅಳತೆ ಬರಬೇಕು. ಆ ವರ್ಗದ ಕ್ಯಾನನ್ ಕ್ಯಾಮೆರಾಗಳಲ್ಲಿ ಅದು ಸುಮಾರು 22.3 ಮತ್ತು 14.9 ಮಿ.ಮೀ. ಇಷ್ಟಾದರೆ ತೆರೆಯ ಆಕಾಶದ ಮೇಲೆ ಒಂದು ಆಯತ ಮೂಡುತ್ತದೆ. ನಿಮ್ಮ ಚಿತ್ರದಲ್ಲಿ ಬರುವುದು ಆ ಆಯತದ ಒಳಗಿನ ಆಕಾಶ.

18 ಮಿ.ಮೀ.ನಲ್ಲಿ ಆಯತದ ಅಳತೆ ಸುಮಾರು 64 ಡಿಗ್ರಿಗೆ 45 ಡಿಗ್ರಿ. ವೃಶ್ಚಿಕದಿಂದ ಧನುವಿನವರೆಗಿನ ಆಕಾಶಗಂಗೆಯೂ, ಕೆಳಗೆ ಗುಡ್ಡದ ಒಂದು ಗೆರೆಯೂ ಅದರಲ್ಲಿ ನೆಮ್ಮದಿಯಾಗಿ ಕೂರುತ್ತವೆ. ಟ್ರೈಪಾಡ್ ಮೇಲೆ ಕ್ಯಾಮೆರಾ ಅಲುಗದೆ ನಿಂತಿರುವಾಗ ನಕ್ಷತ್ರಗಳು ಸರಿಯುತ್ತಿರುವುದರಿಂದ, ಅವು ಗೆರೆಗಳಾಗದಂತೆ ಎಷ್ಟು ಹೊತ್ತು ತೆರೆದಿಡಬಹುದು ಎಂಬುದಕ್ಕೆ ಹವ್ಯಾಸಿಗಳು 500ರ ಲೆಕ್ಕವನ್ನು ಬಳಸುತ್ತಾರೆ: 500 ಅನ್ನು ಫೋಕಲ್ ಲೆಂತ್‌ನಿಂದಲೂ, ನಿಮ್ಮ ಬಗೆಯ ಸೆನ್ಸರ್‌ಗಾದರೆ ಮತ್ತೆ 1.6ರಿಂದಲೂ ಭಾಗಿಸಬೇಕು. 18 ಮಿ.ಮೀ.ಗೆ 17 ಸೆಕೆಂಡು ಬರುತ್ತದೆ. 15 ಎಂದು ಇಟ್ಟುಕೊಳ್ಳಿ. ಲೆನ್ಸನ್ನು ಪೂರ್ತಿ ತೆರೆದು, ಬೆಳಕಿಗೆ ಕ್ಯಾಮೆರಾದ ಸಂವೇದನೆಯನ್ನು ಸೂಚಿಸುವ ಐಎಸ್‌ಒ ಅನ್ನು 3200ಕ್ಕೆ ಇಟ್ಟರೆ ಮೊದಲ ಚಿತ್ರದಲ್ಲೇ ಆಕಾಶಗಂಗೆಯ ಕಪ್ಪು ಸೀಳುಗಳು ಕಾಣಬೇಕು.

ಮಹಾವ್ಯಾಧದ ನೀಹಾರಿಕೆ ಬೇರೆಯ ಬಗೆಯ ಸವಾಲು, ಮತ್ತು ತಂತ್ರಾಂಶದ ಯೋಜನೆ ಹೆಚ್ಚು ಫಲ ಕೊಡುವುದು ಇಲ್ಲಿಯೇ. ಜನವರಿ ನಡುವಿನಲ್ಲಿ ಅದು ರಾತ್ರಿ ಹತ್ತೂವರೆಯ ಸುಮಾರಿಗೆ, ಫೆಬ್ರವರಿ ನಡುವಿನಲ್ಲಿ ಎಂಟೂವರೆಯ ಸುಮಾರಿಗೆ ನಿಮ್ಮ ಊರಿನ ದಕ್ಷಿಣೋತ್ತರ ರೇಖೆಯನ್ನು ದಾಟುತ್ತದೆ. ಆಗ ಅದರ ಎತ್ತರ 71 ಡಿಗ್ರಿ. ವಾತಾವರಣದ ಅತಿ ತೆಳುವಾದ ಪದರದ ಮೂಲಕ ನೋಡುವುದರಿಂದ ಚಿತ್ರ ಚೆನ್ನಾಗಿ ಬರುತ್ತದೆ. ಆದರೆ ಕ್ಯಾಮೆರಾ ಹೆಚ್ಚು ಕಡಿಮೆ ನೇರವಾಗಿ ಮೇಲಕ್ಕೆ ಮುಖ ಮಾಡಿರುತ್ತದೆ, ಕಿಂಡಿಯಲ್ಲಿ ಕಣ್ಣಿಡಲು ನೆಲದ ಮೇಲೆ ಮಲಗಬೇಕಾಗುತ್ತದೆ, ಅಗ್ಗದ ಟ್ರೈಪಾಡ್‌ನ ತಲೆ ಭಾರಕ್ಕೆ ನಿಧಾನವಾಗಿ ಜಾರುತ್ತದೆ. ನನ್ನನ್ನು ಕೇಳಿದರೆ ಎರಡು ಗಂಟೆ ಮೊದಲೇ, ಅದು ಪೂರ್ವದಲ್ಲಿ ಐವತ್ತು ಡಿಗ್ರಿಯ ಆಸುಪಾಸಿನಲ್ಲಿರುವಾಗ ಕೆಲಸ ಆರಂಭಿಸುವುದು ಲೇಸು. ಎತ್ತರದಿಂದ ಸಿಗುವ ಲಾಭಕ್ಕಿಂತ ಟ್ರೈಪಾಡ್ ಗಟ್ಟಿಯಾಗಿ ನಿಲ್ಲುವುದರ ಲಾಭ ದೊಡ್ಡದು.

ಯಾವ ಫೋಕಲ್ ಲೆಂತ್ ಎಂಬುದನ್ನು ಆಯತಕ್ಕೇ ಕೇಳಿ. 250 ಮಿ.ಮೀ.ನಲ್ಲಿ ಸಿಗುವುದು 5.1ಕ್ಕೆ 3.4 ಡಿಗ್ರಿ. ಒಂದು ಡಿಗ್ರಿಯಷ್ಟಿರುವ ನೀಹಾರಿಕೆ ಅದರಲ್ಲಿ ಧಾರಾಳವಾಗಿ ಹಿಡಿಯುತ್ತದೆ. ಸೊಂಟಪಟ್ಟಿಯ ಮೂರು ನಕ್ಷತ್ರಗಳೂ ಅದೇ ಚಿತ್ರದಲ್ಲಿ ಬರಲಿ ಎಂದು ನಿಮಗೆ ಅನ್ನಿಸಿದರೆ ಅಷ್ಟು ಸಾಲದು. ಪಟ್ಟಿಯ ತುದಿಯ ನಕ್ಷತ್ರದಿಂದ ನೀಹಾರಿಕೆಗೆ ಐದು ಡಿಗ್ರಿಗಿಂತ ತುಸು ಹೆಚ್ಚೇ ದೂರವಿದೆ. 200 ಮಿ.ಮೀ.ಗೆ ಇಳಿದು, ಆಯತದ ಉದ್ದದ ಬದಿಯನ್ನು ಸೊಂಟಪಟ್ಟಿಯಿಂದ ನೀಹಾರಿಕೆಯ ಕಡೆಗೆ ತಿರುಗಿಸಿದರೆ ಎಲ್ಲವೂ ಒಳಗೆ ಬರುತ್ತವೆ. ಪ್ಲಗಿನ್‌ನಲ್ಲಿ ಸೆನ್ಸರನ್ನು ತಿರುಗಿಸುವ ಸೌಲಭ್ಯವಿದೆ. ತೆರೆಯಲ್ಲಿ ಎಷ್ಟು ವಾಲಿಸಿದ್ದೀರೋ ಕ್ಯಾಮೆರಾವನ್ನೂ ಟ್ರೈಪಾಡ್ ಮೇಲೆ ಅಷ್ಟೇ ವಾಲಿಸಬೇಕು. ಗಂಟೆ ಬದಲಾದಂತೆ ಮಹಾವ್ಯಾಧನೂ ವಾಲುತ್ತಾನಾದ್ದರಿಂದ, ನೀವು ನಿಜವಾಗಿ ಚಿತ್ರ ತೆಗೆಯುವ ಗಂಟೆಯನ್ನೇ ಇಟ್ಟು ಈ ಕೋನವನ್ನು ನೋಡಿಕೊಳ್ಳಿ.

500ರ ಲೆಕ್ಕದ ಪ್ರಕಾರ 250 ಮಿ.ಮೀ.ಗೆ ಸಿಗುವುದು ಒಂದೂಕಾಲು ಸೆಕೆಂಡು ಮಾತ್ರ. ಒಂದು ಸೆಕೆಂಡಿನ ಒಂದು ಚಿತ್ರದಲ್ಲಿ ನೀಹಾರಿಕೆ ಬೂದು ಬಣ್ಣದ ಒಂದು ಮಚ್ಚೆಯಾಗಿ ಕಾಣಬಹುದು. ಅಂಥ ಮುನ್ನೂರು ಚಿತ್ರಗಳನ್ನು ತೆಗೆದು, ನಕ್ಷತ್ರಗಳ ಆಧಾರದ ಮೇಲೆ ಒಂದರ ಮೇಲೊಂದು ಜೋಡಿಸಿದರೆ ಐದು ನಿಮಿಷಗಳ ಬೆಳಕು ಒಟ್ಟಾಗುತ್ತದೆ, ಆಗ ರೆಕ್ಕೆಯಂತಹ ಹರವೂ ಬಣ್ಣವೂ ಕಾಣತೊಡಗುತ್ತವೆ. ಈ ಜೋಡಣೆಗೆ ಸಿರಿಲ್, ಡೀಪ್‌ಸ್ಕೈಸ್ಟ್ಯಾಕರ್ ಎಂಬ ಎರಡು ಉಚಿತ ತಂತ್ರಾಂಶಗಳಿವೆ. ಆದರೆ ಮುನ್ನೂರು ಚಿತ್ರ ಮುಗಿಯುವ ಎಂಟು ಹತ್ತು ನಿಮಿಷಗಳಲ್ಲಿ ಆಕಾಶ ಎರಡೂವರೆ ಡಿಗ್ರಿ ಸರಿದಿರುತ್ತದೆ, ಅಂದರೆ ನಿಮ್ಮ ಚೌಕಟ್ಟಿನ ಅರ್ಧದಷ್ಟು. ಇದನ್ನು ಮೊದಲೇ ನೋಡಿಕೊಳ್ಳಲು ಒಂದು ದಾರಿಯಿದೆ. ಆಯತವನ್ನು ನೀಹಾರಿಕೆಯ ಮೇಲಿಟ್ಟು, ಹಿಂಬಾಲಿಸುವ ಗುಂಡಿ ಒತ್ತಿರದಂತೆ ನೋಡಿಕೊಂಡು, ಎಲ್ ಕೀಲಿಯಿಂದ ಸಮಯದ ವೇಗವನ್ನು ಏರಿಸಿ. ಆಯತ ನಿಂತಲ್ಲೇ ನಿಂತು ನೀಹಾರಿಕೆ ಅದರ ಮೂಲಕ ತೇಲಿ ಹೋಗುತ್ತದೆ. ಯಾವ ಅಂಚಿನಿಂದ ಒಳಬರುತ್ತದೆ, ಎಲ್ಲಿಂದ ಹೊರಹೋಗುತ್ತದೆ ಎಂಬುದನ್ನು ನೋಡಿ, ಅದನ್ನು ಪೂರ್ವದ ಅಂಚಿನ ಹತ್ತಿರ ಇಟ್ಟು ಆರಂಭಿಸಿ, ಪಶ್ಚಿಮದ ಅಂಚಿಗೆ ಬರುವ ಮೊದಲು ನಿಲ್ಲಿಸಿ ಚೌಕಟ್ಟನ್ನು ಮತ್ತೆ ಹೊಂದಿಸಿ. ಕೆ ಕೀಲಿಯಿಂದ ವೇಗ ಸಹಜಕ್ಕೆ ಬರುತ್ತದೆ, 8 ಒತ್ತಿದರೆ ಗಡಿಯಾರ ಈಗಿನ ಕ್ಷಣಕ್ಕೆ ಮರಳುತ್ತದೆ.

ನೀವು ಕೇಳಿಲ್ಲವಾದರೂ ದಕ್ಷಿಣದ ಕಡೆಗೊಮ್ಮೆ ನೋಡಿ ಎಂದು ಹೇಳದೆ ಇರಲಾರೆ. ಒಮೆಗಾ ಸೆಂಟಾರಿ ಎಂಬುದು ನಕ್ಷತ್ರಗಳು ಗೋಳಾಕಾರದಲ್ಲಿ ಒತ್ತಾಗಿ ಸೇರಿದ ಗೋಳಗುಚ್ಛ; ಆಕಾಶದ ಗೋಳಗುಚ್ಛಗಳಲ್ಲೇ ಅತ್ಯಂತ ಪ್ರಕಾಶಮಾನವಾದದ್ದು. ಲಂಡನ್, ಪ್ಯಾರಿಸ್‌ಗಳಲ್ಲಿ ಅದು ಮೂಡುವುದೇ ಇಲ್ಲ. ಹೊಸದುರ್ಗದಲ್ಲಿ ಸುಮಾರು 29 ಡಿಗ್ರಿಯವರೆಗೆ ಏರುತ್ತದೆ. ಏಪ್ರಿಲ್ ನಡುವಿನಲ್ಲಿ ರಾತ್ರಿ ಹನ್ನೊಂದೂವರೆಗೆ ತ್ರಿಶಂಕು ನೇರ ದಕ್ಷಿಣಕ್ಕೆ ಬಂದ ಒಂದು ಗಂಟೆಯ ನಂತರ ಇದು ಅಲ್ಲಿಗೆ ಬರುತ್ತದೆ. ನಿಮ್ಮ 250 ಮಿ.ಮೀ. ಲೆನ್ಸಿನಲ್ಲಿ ಅದು ನಕ್ಷತ್ರವಲ್ಲ, ಮಂಜಿನ ಉಂಡೆ ಎಂಬುದು ಸ್ಪಷ್ಟವಾಗಿ ತಿಳಿಯುತ್ತದೆ. ನೀವು ಅಳೆದಿಟ್ಟ ದಿಗಂತದ ಗೆರೆ ಇಲ್ಲಿ ಕೆಲಸಕ್ಕೆ ಬರುತ್ತದೆ.

ರಾತ್ರಿಯಲ್ಲಿ ಲ್ಯಾಪ್‌ಟಾಪನ್ನು ಒಯ್ಯುವುದಾದರೆ ಕಂಟ್ರೋಲ್ ಮತ್ತು ಎನ್ ಒತ್ತಿ ಕೆಂಪು ತೆರೆಗೆ ಬದಲಿಸಿ, ಬೆಳಕನ್ನು ಕನಿಷ್ಠಕ್ಕೆ ಇಳಿಸಿ. ಕಣ್ಣು ಕತ್ತಲಿಗೆ ಹೊಂದಿಕೊಳ್ಳಲು ಇಪ್ಪತ್ತರಿಂದ ಮೂವತ್ತು ನಿಮಿಷ ಬೇಕು, ಬಿಳಿಯ ತೆರೆಯೊಂದು ಅದನ್ನು ಒಂದೇ ಕ್ಷಣದಲ್ಲಿ ಕೆಡಿಸುತ್ತದೆ. ನಾನು ಹೆಚ್ಚಾಗಿ ಬೇಕಾದ ಎರಡು ಮೂರು ನೋಟಗಳನ್ನು ಕಾಗದದ ಮೇಲೆ ಮುದ್ರಿಸಿಕೊಂಡು ಹೋಗುತ್ತೇನೆ. ಮೊಬೈಲಿನ ತಾರಾಲಯ ಆ್ಯಪ್‌ಗಳು ಆಕಾಶದತ್ತ ಹಿಡಿದರೆ ಹೆಸರು ಹೇಳುವುದು ಆಕರ್ಷಕವೇ, ಆದರೆ ಅವು ದಿಕ್ಕನ್ನು ತಿಳಿಯುವುದು ಒಳಗಿನ ಕಾಂತೀಯ ಸಂವೇದಕದಿಂದ. ಬೈಕಿನ ಪಕ್ಕದಲ್ಲಿ, ಕಬ್ಬಿಣದ ಗೇಟಿನ ಬಳಿ ಅವು ಹತ್ತಾರು ಡಿಗ್ರಿ ತಪ್ಪಬಹುದು. ಮಕ್ಕಳಿಗೆ ಮೊದಲು ಧ್ರುವವನ್ನು ಕಣ್ಣಿನಿಂದ ಗುರುತಿಸಲು ಕಲಿಸಿ, ಅನಂತರ ಮೊಬೈಲ್ ಕೊಡಿ.

ಇಂಟರ್ನೆಟ್ ಇಲ್ಲದಿರುವುದು ನಕ್ಷತ್ರ, ಗ್ರಹ, ಚಂದ್ರರ ಮಟ್ಟಿಗೆ ತೊಂದರೆಯೇನೂ ಅಲ್ಲ. ಧೂಮಕೇತು ಮತ್ತು ಕೃತಕ ಉಪಗ್ರಹಗಳ ವಿಷಯ ಹಾಗಲ್ಲ. 2024ರ ಅಕ್ಟೋಬರ್‌ನಲ್ಲಿ ಸಂಜೆಯ ಪಶ್ಚಿಮದಲ್ಲಿ ಕಂಡ ಸುಚಿನ್‌ಶಾನ್-ಅಟ್ಲಾಸ್ ಧೂಮಕೇತು ಪತ್ತೆಯಾದದ್ದೇ 2023ರಲ್ಲಿ. ಅದಕ್ಕಿಂತ ಹಳೆಯ ಕಡತಗಳಲ್ಲಿ ಅದು ಇರಲು ಸಾಧ್ಯವೇ ಇಲ್ಲ. ಉಪಗ್ರಹಗಳ ಕಕ್ಷೆಯ ಮಾಹಿತಿ ಕೆಲವೇ ದಿನಗಳಲ್ಲಿ ಹಳತಾಗುತ್ತದೆ. ಇಂಥವು ಬೇಕಾದಾಗ ಮೊಬೈಲಿನ ಹಾಟ್‌ಸ್ಪಾಟ್‌ನಿಂದ ಕೆಲವು ನಿಮಿಷ ಜೋಡಿಸಿ ಮಾಹಿತಿಯನ್ನು ನವೀಕರಿಸಿಕೊಂಡರೆ ಸಾಕು. ಜೋಡಿಸಿದ ಮೇಲೆ ಸ್ಥಳ ತಾನಾಗಿ ಬದಲಾಗಿಲ್ಲವೇ ಎಂದು ಮತ್ತೊಮ್ಮೆ ನೋಡಿ. ಶಾಲೆಯ ಬೇರೆ ಗಣಕಗಳು ಹಳೆಯವಾಗಿದ್ದು ಸ್ಟೆಲೇರಿಯಂ ತಡವರಿಸಿದರೆ, ಕಾರ್ತ್ ದು ಸಿಯೆಲ್ ಎಂಬ ಉಚಿತ ನಕ್ಷಾ ತಂತ್ರಾಂಶ ಕಡಿಮೆ ಸಾಮರ್ಥ್ಯದ ಗಣಕದಲ್ಲಿಯೂ ಓಡುತ್ತದೆ. ನೋಟದಲ್ಲಿ ಅಷ್ಟು ಚೆಂದವಿಲ್ಲ, ಲೆಕ್ಕದಲ್ಲಿ ಕೊರತೆಯಿಲ್ಲ.

ಚಿತ್ರ ತೆಗೆದು ಬಂದ ಮರುದಿನ ಇನ್ನೊಂದು ಕೆಲಸವಿದೆ. ಚಿತ್ರ ತೆಗೆದ ನಿಮಿಷವನ್ನೇ ಸ್ಟೆಲೇರಿಯಂನಲ್ಲಿ ಇಟ್ಟು, ಅದೇ ಆಯತವನ್ನು ಅದೇ ಜಾಗದಲ್ಲಿ ತಂದು, ನಿಮ್ಮ ಚಿತ್ರದ ಪಕ್ಕದಲ್ಲಿ ತೆರೆಯಿರಿ. ನಕ್ಷತ್ರ ನಕ್ಷತ್ರಕ್ಕೂ ಹೊಂದಿಸುತ್ತ ಹೋಗಿ, ಚಿತ್ರದಲ್ಲಿ ದಾಖಲಾಗಿರುವ ಅತಿ ಮಂದವಾದ ನಕ್ಷತ್ರ ಯಾವುದು, ಅದರ ಕಾಂತಿಮಾನ (ಹೊಳಪನ್ನು ಸೂಚಿಸುವ ಸಂಖ್ಯೆ; ಮಂದವಾದಷ್ಟೂ ಹೆಚ್ಚು) ಎಷ್ಟು ಎಂದು ಅದರ ಮೇಲೆ ಕ್ಲಿಕ್ ಮಾಡಿ ಓದಿ. ದಿನಾಂಕ, ಲೆನ್ಸ್, ಸೆಕೆಂಡು, ಐಎಸ್‌ಒಗಳ ಜೊತೆಗೆ ಆ ಸಂಖ್ಯೆಯನ್ನೂ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ. ಮುಂದಿನ ಅಮಾವಾಸ್ಯೆಗೆ ಎಷ್ಟು ಚಿತ್ರಗಳನ್ನು ಜೋಡಿಸಬೇಕು, ಯಾವ ನೀಹಾರಿಕೆ ನಿಮ್ಮ ಕ್ಯಾಮೆರಾಕ್ಕೆ ಎಟುಕುತ್ತದೆ, ಯಾವುದು ಎಟುಕದು ಎಂಬುದನ್ನು ಆ ಸಂಖ್ಯೆಯಿಂದಲೇ ನೀವು ನಿರ್ಧರಿಸಬಹುದು.